ಹಂತಕರ ಕಡತ, ಉಳಿದವರ ನೆನಪು: ರಿಥಿ ಪಾನ್ ಕೃತಿಗಳ ಬೆಳಕಿನಲ್ಲಿ ಕಾಂಬೋಡಿಯಾದ ಪರಂಪರೆಯ ಪ್ರಶ್ನೆ

2025ರಲ್ಲಿ ಕಾಂಬೋಡಿಯಾ ತನ್ನ ಅತ್ಯಂತ ಕರಾಳ ಕಾಲದ ನೆನಪಿಗೆ ಸಂಬಂಧಿಸಿದಂತೆ ಎರಡು ದೊಡ್ಡ ಹೆಜ್ಜೆಗಳನ್ನಿಟ್ಟಿತು. ಫೆಬ್ರವರಿಯಲ್ಲಿ ಅಲ್ಲಿನ ಸಂಸತ್ತು, 1975ರಿಂದ 1979ರವರೆಗೆ ದೇಶವನ್ನಾಳಿದ ಖ್ಮೇರ್ ರೂಜ್ ಎಂಬ ಕಮ್ಯುನಿಸ್ಟ್ ಸಂಘಟನೆಯ ಆಡಳಿತದ ಅಪರಾಧಗಳನ್ನು ಅಲ್ಲಗಳೆಯುವವರಿಗೆ ಒಂದರಿಂದ ಐದು ವರ್ಷಗಳವರೆಗೆ ಸೆರೆವಾಸ ವಿಧಿಸುವ ಮಸೂದೆಯನ್ನು ಅಂಗೀಕರಿಸಿತು. ಜುಲೈನಲ್ಲಿ ಪ್ಯಾರಿಸ್‌ನಲ್ಲಿ ಸೇರಿದ್ದ ಯುನೆಸ್ಕೊದ ವಿಶ್ವ ಪರಂಪರೆ ಸಮಿತಿಯು ಆ ದೇಶದ ಮೂರು ತಾಣಗಳನ್ನು ಒಟ್ಟಾಗಿ ತನ್ನ ಪಟ್ಟಿಗೆ ಸೇರಿಸಿತು. 1992ರಲ್ಲಿ ಆಂಗ್ಕೋರ್ ಆ ಪಟ್ಟಿಗೆ ಸೇರಿದ ಮೇಲೆ ಕಾಂಬೋಡಿಯಾದಿಂದ ಅಲ್ಲಿಗೆ ಹೋದವುಗಳೆಲ್ಲ ಪ್ರಾಚೀನ ದೇಗುಲಗಳು ಮತ್ತು ನಗರಾವಶೇಷಗಳೇ ಆಗಿದ್ದವು. ಈ ಬಾರಿ ಸೇರಿದವು ಬೇರೆ ಬಗೆಯವು: ಎಂ-13 ಎಂಬ ಕಾಡಿನ ಸೆರೆಮನೆ, ರಾಜಧಾನಿ ನೋಮ್ ಪೆನ್‌ನಲ್ಲಿ ಶಾಲೆಯೊಂದನ್ನು ಸೆರೆಮನೆಯಾಗಿಸಿ ನಡೆಸಿದ ತುವೋಲ್ ಸ್ಲೆಂಗ್, ಮತ್ತು ಅಲ್ಲಿನ ಕೈದಿಗಳನ್ನು ಒಯ್ದು ಕೊಂದು ಹೂಳುತ್ತಿದ್ದ ಚೋಯುಂಗ್ ಎಕ್.

ನೆನಪಿಗೆ ಕಾನೂನಿನ ರಕ್ಷಣೆಯೂ ಅಂತರರಾಷ್ಟ್ರೀಯ ಮನ್ನಣೆಯೂ ಒಂದೇ ವರ್ಷದಲ್ಲಿ ದೊರೆತವು. ಆದರೆ ಈ ಎರಡೂ ನಿರ್ಧಾರಗಳು ಒಂದು ಪ್ರಶ್ನೆಯನ್ನು ಬಗೆಹರಿಸದೆ ಬಿಟ್ಟಿವೆ. ಉಳಿಸಬೇಕಾದ ಆ ನೆನಪು ಯಾರದು, ಅದು ಇರುವುದಾದರೂ ಎಲ್ಲಿ? ಗೋಡೆಗಳಲ್ಲೇ, ಕಡತಗಳಲ್ಲೇ, ಅಥವಾ ಆ ನಾಲ್ಕು ವರ್ಷಗಳನ್ನು ಬದುಕಿ ಬಂದವರ ಮಾತು ಮತ್ತು ಮೈಯಲ್ಲೇ? ಈ ಪ್ರಶ್ನೆಯನ್ನು ಮೂರೂವರೆ ದಶಕಗಳಿಂದ ಬಿಡದೆ ಕೇಳುತ್ತ ಬಂದವರು ಸಾಕ್ಷ್ಯಚಿತ್ರಕಾರ ಮತ್ತು ಲೇಖಕ ರಿಥಿ ಪಾನ್. ಇಂದಿನ ಚರ್ಚೆಯನ್ನು ಅವರ ಕೃತಿಗಳ ಮೂಲಕ ನೋಡಿದರೆ, ಸರ್ಕಾರಿ ಭಾಷೆಯಲ್ಲಿ ಕಾಣದ ಹಲವು ಸಂಗತಿಗಳು ಕಾಣತೊಡಗುತ್ತವೆ ಎಂಬುದು ನನ್ನ ನಂಬಿಕೆ.

ಪಾನ್ ಹುಟ್ಟಿದ್ದು 1964ರಲ್ಲಿ, ನೋಮ್ ಪೆನ್‌ನಲ್ಲಿ. ತಂದೆ ಶಿಕ್ಷಣ ಇಲಾಖೆಯಲ್ಲಿ ಅಧಿಕಾರಿಯಾಗಿದ್ದವರು. 1975ರ ಏಪ್ರಿಲ್ 17ರಂದು ಖ್ಮೇರ್ ರೂಜ್ ಸೈನಿಕರು ರಾಜಧಾನಿಯನ್ನು ಹೊಕ್ಕು, ಆಸ್ಪತ್ರೆಯ ರೋಗಿಗಳನ್ನೂ ಬಿಡದೆ ಇಡೀ ನಗರವನ್ನು ಹಳ್ಳಿಗಳತ್ತ ಅಟ್ಟಿದರು. ಹಣವನ್ನು ರದ್ದುಪಡಿಸಿದರು, ಶಾಲೆ, ಸಂತೆ, ಬೌದ್ಧ ವಿಹಾರಗಳನ್ನು ಮುಚ್ಚಿದರು, ಭಿಕ್ಕುಗಳ ಕಾವಿ ಕಳಚಿಸಿ ಗದ್ದೆಗೆ ಕಳಿಸಿದರು. ನಗರದಿಂದ ಬಂದವರನ್ನು ‘ಹೊಸ ಜನ’ ಎಂದು ಹೆಸರಿಸಿ, ಅವರ ಪ್ರಾಣಕ್ಕೆ ಬೆಲೆಯಿಲ್ಲವೆಂದು ಬಾಯಿಬಿಟ್ಟೇ ಹೇಳಿದರು. 1979ರ ಜನವರಿಯಲ್ಲಿ ವಿಯೆಟ್ನಾಂ ಸೇನೆ ಬಂದು ಆ ಆಡಳಿತ ಕುಸಿಯುವ ಹೊತ್ತಿಗೆ ಹಸಿವು, ರೋಗ, ಅತಿದುಡಿಮೆ ಮತ್ತು ಕೊಲೆಗಳಿಂದ ಸತ್ತವರು ಸುಮಾರು 17 ಲಕ್ಷದಿಂದ 20 ಲಕ್ಷ ಮಂದಿ ಎಂಬುದು ಸಾಮಾನ್ಯವಾಗಿ ಒಪ್ಪಿತವಾದ ಅಂದಾಜು. ಅಂದರೆ ದೇಶದ ಹೆಚ್ಚುಕಡಿಮೆ ನಾಲ್ಕನೇ ಒಂದು ಭಾಗದ ಜನ. ಪಾನ್ ತಮ್ಮ ತಂದೆ, ತಾಯಿ, ಒಡಹುಟ್ಟಿದವರು ಮತ್ತು ಅವರ ಮಕ್ಕಳಲ್ಲಿ ಹಲವರನ್ನು ಕಳೆದುಕೊಂಡು ಥಾಯ್ಲೆಂಡ್ ಗಡಿಯ ನಿರಾಶ್ರಿತರ ಶಿಬಿರ ಸೇರಿದರು. ಅಲ್ಲಿಂದ ಫ್ರಾನ್ಸ್‌ಗೆ ಹೋಗಿ ಪ್ಯಾರಿಸ್‌ನಲ್ಲಿ ಚಲನಚಿತ್ರ ಕಲಿತರು. ಅವರ ಮೊದಲ ಸಾಕ್ಷ್ಯಚಿತ್ರ 1989ರದು, ಅದರ ವಸ್ತು ಗಡಿಯ ನಿರಾಶ್ರಿತರ ಶಿಬಿರದ ಬದುಕು.

ಕಾಂಬೋಡಿಯಾದ ದುರಂತವನ್ನು ದಾಖಲಿಸ ಹೊರಟವರಿಗೆ ಎದುರಾಗುವ ಮೊದಲ ತೊಡಕು ಇದು: ದಾಖಲೆಗಳು ಇಲ್ಲವೆಂದಲ್ಲ, ಇರುವವುಗಳಲ್ಲಿ ಬಹುಪಾಲನ್ನು ಹಂತಕರೇ ತಯಾರಿಸಿದ್ದಾರೆ. ಎಸ್-21 ಎಂಬ ಸಂಕೇತನಾಮದ ತುವೋಲ್ ಸ್ಲೆಂಗ್ ಸೆರೆಮನೆಗೆ ಬಂದ ಕೈದಿಯನ್ನು ಮೊದಲು ಕ್ಯಾಮೆರಾದ ಮುಂದೆ ಕೂರಿಸುತ್ತಿದ್ದರು. ಎದೆಯ ಮೇಲೆ ಒಂದು ಸಂಖ್ಯೆ, ಕಪ್ಪು ಬಿಳುಪಿನ ಒಂದು ಚಿತ್ರ. ಆಮೇಲೆ ಚಿತ್ರಹಿಂಸೆ, ಅದರಿಂದ ಹೊರಬರುವ ‘ತಪ್ಪೊಪ್ಪಿಗೆ’, ಅದರ ಅಂಚಿನಲ್ಲಿ ಸೆರೆಮನೆಯ ಮುಖ್ಯಸ್ಥ ಡೂಯ್ಕ್‌ನ ಕೈಬರಹದ ಟಿಪ್ಪಣಿ, ಕೊನೆಗೆ ಸಾವಿನ ಪಟ್ಟಿಯಲ್ಲೊಂದು ಸಾಲು. ಡೂಯ್ಕ್ ಹಿಂದೆ ಗಣಿತದ ಮೇಷ್ಟ್ರಾಗಿದ್ದವನು. ಕಡತಗಳನ್ನು ಆತ ಅಷ್ಟೇ ಅಚ್ಚುಕಟ್ಟಾಗಿ ಇಡಿಸಿದ. ಇಲ್ಲಿ ಕನಿಷ್ಠ 12 ಸಾವಿರ ಮಂದಿ ಸತ್ತದ್ದನ್ನು, ಖ್ಮೇರ್ ರೂಜ್ ನಾಯಕರ ವಿಚಾರಣೆಗೆಂದು ವಿಶ್ವಸಂಸ್ಥೆಯ ನೆರವಿನಿಂದ ರಚಿಸಿದ ವಿಶೇಷ ನ್ಯಾಯಾಲಯ ಖಚಿತಪಡಿಸಿತು. ನಿಜವಾದ ಸಂಖ್ಯೆ ಇನ್ನೂ ಹೆಚ್ಚೆಂದು ಹಲವು ಸಂಶೋಧಕರು ಹೇಳುತ್ತಾರೆ. ಬದುಕುಳಿದವರನ್ನು ಬೆರಳೆಣಿಕೆಯಲ್ಲಿ ಹೇಳಬಹುದು. ಈ ಕಡತಗಳು 2009ರಲ್ಲಿ ಯುನೆಸ್ಕೊದ ‘ವಿಶ್ವದ ಸ್ಮೃತಿ’ ದಾಖಲೆಪಟ್ಟಿಗೆ ಸೇರಿದವು, ಆಮೇಲೆ ಯುನೆಸ್ಕೊ ಮತ್ತು ದಕ್ಷಿಣ ಕೊರಿಯಾದ ನೆರವಿನಿಂದ ಡಿಜಿಟಲ್ ರೂಪಕ್ಕೆ ಬಂದವು.

ಇಂಥ ಸಂಗ್ರಹವನ್ನು ಪರಂಪರೆಯೆಂದು ಕರೆಯುವಾಗ ಎಚ್ಚರ ಬೇಕು. ತಪ್ಪೊಪ್ಪಿಗೆಗಳಲ್ಲಿರುವುದು ಸುಳ್ಳು; ಬಡಿತ ತಾಳಲಾರದೆ ಜನ ತಾವು ಅಮೆರಿಕದ ಬೇಹುಗಾರರೆಂದೂ ವಿಯೆಟ್ನಾಂ ಏಜೆಂಟರೆಂದೂ ಬರೆದುಕೊಟ್ಟರು, ಒಮ್ಮೊಮ್ಮೆ ತಮ್ಮ ಬಂಧುಗಳ ಹೆಸರನ್ನೂ ಸೇರಿಸಿದರು. ಕೈದಿಯ ಚಿತ್ರ ತೆಗೆದ ಕ್ಯಾಮೆರಾ ಕೂಡ ಆ ಕೊಲೆಯ ಯಂತ್ರದ ಭಾಗವೇ. ನಾವು ಆ ಮುಖಗಳನ್ನು ನೋಡುವಾಗ, ಬೇಕಿರಲಿ ಬೇಡದಿರಲಿ, ಛಾಯಾಗ್ರಾಹಕ ನಿಂತ ಜಾಗದಲ್ಲೇ ನಿಂತು ನೋಡುತ್ತೇವೆ. ಪಾನ್ ಅವರ ಇಡೀ ಕೆಲಸವನ್ನು ಈ ಜಾಗದಿಂದ ನಮ್ಮನ್ನು ಕದಲಿಸುವ ಪ್ರಯತ್ನವೆಂದು ಓದಬಹುದು.

ಆ ಪ್ರಯತ್ನದ ಮೊದಲ ದೊಡ್ಡ ಫಲ 1996ರಲ್ಲಿ ಬಂದ, ಹೌಟ್ ಬೋಫಾನಾ ಎಂಬ ಯುವತಿಯ ಕುರಿತ ಸಾಕ್ಷ್ಯಚಿತ್ರ. ಓದಿದವಳಾಗಿದ್ದ ಬೋಫಾನಾ, ಖ್ಮೇರ್ ರೂಜ್ ಸಂಘಟನೆಯಲ್ಲೇ ಇದ್ದ ತನ್ನ ಗಂಡ ಲಿ ಸಿಥಾನಿಗೆ ಹಳ್ಳಿಯಿಂದ ಗುಟ್ಟಾಗಿ ಕಾಗದಗಳನ್ನು ಬರೆಯುತ್ತಿದ್ದಳು. ಹಸಿವು, ಅವಮಾನ, ಅವನನ್ನು ಕಾಣುವ ಹಂಬಲ ಎಲ್ಲವೂ ಅದರಲ್ಲಿದ್ದವು. ಕಾಗದದ ಕೊನೆಗೆ ಅವಳು ಹಾಕುತ್ತಿದ್ದ ಅಂಕಿತ ಸೀತೆಯ ಹೆಸರು. ರಾಮನ ಕಥೆ ಕಾಂಬೋಡಿಯಾದ ಖ್ಮೇರ್ ಭಾಷೆಯಲ್ಲಿ ಶತಮಾನಗಳಿಂದ ‘ರಾಮ್‌ಕೇರ್’ ಎಂಬ ಕಾವ್ಯವಾಗಿ, ಅರಮನೆಯ ನೃತ್ಯವಾಗಿ, ವಿಹಾರದ ಭಿತ್ತಿಚಿತ್ರವಾಗಿ, ತೊಗಲುಗೊಂಬೆಯಾಟವಾಗಿ ಜೀವಂತವಾಗಿದೆ. ಎಲ್ಲ ಹಳೆಯ ಕಥೆಗಳನ್ನೂ ಕಲೆಗಳನ್ನೂ ಅಳಿಸಲು ಹೊರಟ ಆಡಳಿತದೊಳಗೆ ಕುಳಿತು, ಅಗಲಿಕೆಯಲ್ಲಿ ಬೇಯುತ್ತಿದ್ದ ಹೆಣ್ಣೊಬ್ಬಳು ತನ್ನ ಸ್ಥಿತಿಗೆ ಆ ಕಾವ್ಯದಲ್ಲೇ ಹೆಸರನ್ನು ಹುಡುಕಿಕೊಂಡಳು. ಒಂದು ಸಮುದಾಯದ ಪರಂಪರೆ ವ್ಯಕ್ತಿಯೊಬ್ಬಳ ಬದುಕಿನಲ್ಲಿ ಹೇಗೆ ಕೆಲಸ ಮಾಡುತ್ತದೆ ಎಂಬುದಕ್ಕೆ ಇದಕ್ಕಿಂತ ನೇರವಾದ ನಿದರ್ಶನವನ್ನು ನಾನು ಕಂಡಿಲ್ಲ.

ಬೋಫಾನಾಳನ್ನು 1976ರಲ್ಲಿ ಬಂಧಿಸಿದರು, 1977ರ ಮಾರ್ಚ್‌ನಲ್ಲಿ ಕೊಂದರು. ಅವಳ ಪ್ರೇಮಪತ್ರಗಳು ಉಳಿದದ್ದು ಅವು ಅಪರಾಧದ ಪುರಾವೆಯಾಗಿ ಎಸ್-21ರ ಕಡತ ಸೇರಿದ್ದರಿಂದ. ಅಮೆರಿಕದ ಪತ್ರಕರ್ತೆ ಎಲಿಜಬೆತ್ ಬೆಕರ್ ಆ ಕಡತವನ್ನು ಪತ್ತೆಹಚ್ಚಿ ಅವಳ ಬಗ್ಗೆ ಬರೆದಿದ್ದರು. ಪಾನ್ ಅದನ್ನು ಕಾಂಬೋಡಿಯಾದ ಊರುಗಳಿಗೆ, ಬೋಫಾನಾಳನ್ನು ಬಲ್ಲ ಬಂಧುಗಳ ಬಳಿಗೆ ಮರಳಿ ಕೊಂಡೊಯ್ದರು. ಕಡತದಲ್ಲಿ ಆರೋಪಿಯಾಗಿದ್ದವಳು ಬಂಧುಗಳ ಮಾತಿನಲ್ಲಿ ಮತ್ತೆ ಮನುಷ್ಯಳಾದಳು. ಹಂತಕರ ದಾಖಲೆಯನ್ನು ಬಿಸಾಡಬೇಕಿಲ್ಲ, ಅದು ಹೇಳುವುದನ್ನೇ ನಂಬಬೇಕಾಗಿಯೂ ಇಲ್ಲ. ಅದನ್ನು ಖಾಸಗಿ ನೆನಪಿನ ಎದುರು ಇಟ್ಟು ಓದಬೇಕು ಎಂಬ ವಿಧಾನ ಇಲ್ಲಿ ರೂಪುಗೊಂಡಿತು. ಪಾನ್ ಅವರ ಮುಂದಿನ ಎಲ್ಲ ಮುಖ್ಯ ಕೃತಿಗಳೂ ಈ ವಿಧಾನದ ವಿಸ್ತರಣೆಗಳೇ.

2003ರಲ್ಲಿ ಬಂದ ಎಸ್-21 ಕುರಿತ ಚಿತ್ರದಲ್ಲಿ ಅವರು ಇನ್ನೂ ಕಷ್ಟದ ಕೆಲಸಕ್ಕೆ ಕೈಹಾಕಿದರು. ಬದುಕುಳಿದ ಚಿತ್ರಕಾರ ವಾನ್ ನಾಥ್ ಅವರನ್ನೂ, ಅಲ್ಲಿ ಕಾವಲುಗಾರರೂ ವಿಚಾರಣೆಗಾರರೂ ಆಗಿದ್ದವರನ್ನೂ ಅದೇ ಕಟ್ಟಡಕ್ಕೆ ಕರೆತಂದರು. ಖ್ಮೇರ್ ರೂಜ್ ನಾಯಕ ಪೋಲ್ ಪಾಟ್‌ನ ಭಾವಚಿತ್ರಗಳನ್ನು ಬರೆಯಬಲ್ಲವರೆಂಬ ಒಂದೇ ಕಾರಣಕ್ಕೆ ವಾನ್ ನಾಥ್ ಅವರ ಜೀವ ಉಳಿದಿತ್ತು. ಅವರು ಕಿರುಚಾಡುವುದಿಲ್ಲ, ಶಾಪ ಹಾಕುವುದಿಲ್ಲ. ತಾವು ಬರೆದ ಚಿತ್ರದ ಮುಂದೆ ಹಳೆಯ ಕಾವಲುಗಾರರನ್ನು ನಿಲ್ಲಿಸಿ, ಇದು ಹೀಗೆಯೇ ನಡೆಯಿತೇ ಎಂದು ಒಂದೊಂದಾಗಿ ಕೇಳುತ್ತ ಹೋಗುತ್ತಾರೆ. ಕಾವಲುಗಾರರ ಉತ್ತರಗಳು ಮೊದಮೊದಲು ಸವೆದ ವಾಕ್ಯಗಳು: ಆಜ್ಞೆಯಿತ್ತು, ಮಾಡಿದೆವು, ಮಾಡದಿದ್ದರೆ ನಮ್ಮನ್ನೇ ಕೊಲ್ಲುತ್ತಿದ್ದರು.

ಮಾತು ಇಲ್ಲಿಗೆ ನಿಂತಾಗ ಪಾನ್ ಇನ್ನೊಂದು ದಾರಿ ಹಿಡಿದರು. ಹುಡುಗನಾಗಿದ್ದಾಗಲೇ ಕಾವಲಿಗೆ ಸೇರಿದ್ದ ಒಬ್ಬನಿಗೆ, ಆಗ ಏನು ಮಾಡುತ್ತಿದ್ದೆ ಎಂದು ತೋರಿಸಲು ಹೇಳಿದರು. ಆತ ಖಾಲಿ ಕೋಣೆಯ ಬಾಗಿಲಿಗೆ ಬರುತ್ತಾನೆ, ಇಲ್ಲದ ಬೀಗವನ್ನು ತೆಗೆಯುತ್ತಾನೆ, ನೆಲದ ಮೇಲೆ ಸಾಲಾಗಿ ಮಲಗಿಸಿದ್ದ ಕೈದಿಗಳನ್ನು ಗದರಿಸುತ್ತಾನೆ, ನೀರು ಕೇಳಿದವನಿಗೆ ಬೈಯುತ್ತಾನೆ, ಸಂಕೋಲೆ ಎಳೆದು ನೋಡುತ್ತಾನೆ, ಮತ್ತೆ ಹೊರಬಂದು ಚಿಲಕ ಹಾಕುತ್ತಾನೆ. ದನಿ ಏರುತ್ತದೆ, ಹೆಜ್ಜೆ ಬಿರುಸಾಗುತ್ತದೆ. ನಡುವಿನ ಇಪ್ಪತ್ತೈದು ವರ್ಷಗಳು ಅವನ ಮೈಯಿಂದ ಕಳಚಿ ಬೀಳುತ್ತವೆ. ಅವನು ಒಳಹೊಕ್ಕಾಗ ಕ್ಯಾಮೆರಾ ಹೊಸ್ತಿಲ ಬಳಿಯೇ ನಿಲ್ಲುತ್ತದೆ. ಒಳಗೆ ಹೋದರೆ ಅಲ್ಲಿ ಮಲಗಿದ್ದವರನ್ನು ತುಳಿದಂತಾಗುತ್ತದೆ ಎಂಬುದು ಪಾನ್ ಕೊಟ್ಟ ಕಾರಣ. ಆ ಒಂದು ನಿಲುಗಡೆಯಲ್ಲಿ ಸಾಕ್ಷ್ಯಚಿತ್ರದ ನೀತಿಯ ಬಗ್ಗೆ ಪುಟಗಟ್ಟಲೆ ಬರೆದುದಕ್ಕಿಂತ ಹೆಚ್ಚಿನ ಅರಿವಿದೆ.

ದೇಹಕ್ಕೆ ತನ್ನದೇ ನೆನಪಿದೆ ಎಂಬುದನ್ನು ಈ ದೃಶ್ಯ ಭಯಾನಕವಾಗಿ ತೋರಿಸುತ್ತದೆ. ಆದರೆ ಅದೇ ದೇಶದಲ್ಲಿ ಅದೇ ಬಗೆಯ ನೆನಪು ಬೇರೊಂದು ಕೆಲಸವನ್ನೂ ಮಾಡಿದೆ. ಖ್ಮೇರ್ ಶಾಸ್ತ್ರೀಯ ನೃತ್ಯಕ್ಕೆ ಬರಹದ ಲಿಪಿಯಿಲ್ಲ. ಬೆರಳ ಬಾಗು, ಮೊಣಕೈಯ ತಿರುವು, ಪಾದದ ಎತ್ತರ ಎಲ್ಲವೂ ಗುರುವಿನ ಮೈಯಿಂದ ಶಿಷ್ಯೆಯ ಮೈಗೆ ಬರುವಂಥವು. ಅರಮನೆಯ ಕಲಾವಿದರಲ್ಲಿ ಹೆಚ್ಚಿನವರು ಖ್ಮೇರ್ ರೂಜ್ ಕಾಲದಲ್ಲಿ ಸತ್ತರು. 1979ರ ನಂತರ ಉಳಿದ ಕೆಲವರು ಒಬ್ಬರನ್ನೊಬ್ಬರು ಹುಡುಕಿಕೊಂಡು ಬಂದು, ಒಬ್ಬರಿಗೆ ನೆನಪಿದ್ದುದನ್ನು ಇನ್ನೊಬ್ಬರು ತಿದ್ದಿ ಆ ಕಲೆಯನ್ನು ಮತ್ತೆ ಜೋಡಿಸಿದರು. ಅವರಲ್ಲಿ ಪ್ರಮುಖರಾದ ಚಿಯಾ ಸಾಮಿ ಅವರು ಪೋಲ್ ಪಾಟ್‌ನ ಅಣ್ಣನ ಹೆಂಡತಿ. ತನ್ನ ಮೈದುನನೇ ದೇಶದ ಸರ್ವಾಧಿಕಾರಿ ಎಂಬುದು ಆಕೆಗೆ ತಿಳಿದದ್ದು ಹಳ್ಳಿಯ ಸಾಮೂಹಿಕ ಅಡುಗೆಮನೆಯಲ್ಲಿ ತೂಗುಹಾಕಿದ ಅವನ ಚಿತ್ರವನ್ನು ನೋಡಿದಾಗ ಎಂಬ ವಿವರ ಆಕೆಯ ಬಗೆಗಿನ ಬರಹಗಳಲ್ಲಿ ಬರುತ್ತದೆ. ಆಕೆ ಕಲಿಸಿದ ಮಕ್ಕಳ ಮೂಲಕ ಉಳಿದ ಆ ನೃತ್ಯವನ್ನು ಯುನೆಸ್ಕೊ 2003ರಲ್ಲಿ ಮಾನವಕುಲದ ಅಮೂರ್ತ ಪರಂಪರೆಯ ಮೇರುಕೃತಿಯೆಂದು ಘೋಷಿಸಿತು. ಅಂಥ ನೆನಪನ್ನು ಯಾವ ಕಟ್ಟಡದಲ್ಲೂ ಬೀಗ ಹಾಕಿ ಕಾಪಾಡಲಾಗದು. ಕಾವಲುಗಾರನ ಮೈಯಲ್ಲಿ ಉಳಿದ ಕ್ರೌರ್ಯವನ್ನೂ ನರ್ತಕಿಯ ಮೈಯಲ್ಲಿ ಉಳಿದ ಕಲೆಯನ್ನೂ ಒಟ್ಟಿಗೆ ನೋಡಿದಾಗ, ಕಾಂಬೋಡಿಯಾದ ನಿಜವಾದ ದಾಖಲೆಮನೆ ಜೀವಂತ ಮನುಷ್ಯರೇ ಎಂಬುದು ಸ್ಪಷ್ಟವಾಗುತ್ತದೆ. ಆ ಮನುಷ್ಯರಿಗೆ ಈಗ ವಯಸ್ಸಾಗುತ್ತಿದೆ ಎಂಬುದೇ ಇಂದಿನ ಸಮಸ್ಯೆಯ ತಿರುಳು. 1975ರಲ್ಲಿ ಹನ್ನೊಂದು ವರ್ಷವಾಗಿದ್ದವರು ಇಂದು ಅರವತ್ತು ದಾಟಿದ್ದಾರೆ. ಅಂದು ವಯಸ್ಕರಾಗಿದ್ದವರಲ್ಲಿ ಉಳಿದವರು ಕಡಿಮೆ. ವಾನ್ ನಾಥ್ 2011ರಲ್ಲೇ ತೀರಿಕೊಂಡರು.

ಬಹಳ ಕಾಲ ಇತರರ ಕಥೆಗಳ ಹಿಂದೆ ನಿಂತಿದ್ದ ಪಾನ್ ತಮ್ಮ ಸ್ವಂತ ನೆನಪಿಗೆ ತಡವಾಗಿ ಬಂದರು. 2012ರಲ್ಲಿ ಫ್ರೆಂಚ್ ಲೇಖಕ ಕ್ರಿಸ್ತೋಫ್ ಬಟಾಯ್ ಅವರೊಂದಿಗೆ ಬರೆದ ಆತ್ಮಕಥನ ಬಂತು, 2013ರಲ್ಲಿ ‘ಕಾಣೆಯಾದ ಚಿತ್ರ’ ಎಂಬರ್ಥದ ಹೆಸರಿನ ಸಿನಿಮಾ. ಇದಕ್ಕೆ ಕಾನ್ ಚಿತ್ರೋತ್ಸವದ ಒಂದು ವಿಭಾಗದ ಪ್ರಶಸ್ತಿ ದೊರೆಯಿತು. ಆಸ್ಕರ್‌ನ ಅಂತಿಮ ಸುತ್ತಿಗೆ ಹೋದ ಕಾಂಬೋಡಿಯಾದ ಮೊದಲ ಚಿತ್ರವೂ ಇದೇ. ಪ್ರಶಸ್ತಿಗಳಿಗಿಂತ ಮುಖ್ಯವಾದದ್ದು ಅದು ಎದುರಿಸಿದ ಸಮಸ್ಯೆ. ತನ್ನ ಮನೆಯವರು ಬದುಕಿದ, ಸತ್ತ ಬಗೆಗೆ ಯಾವ ಚಿತ್ರವೂ ಇಲ್ಲ. ಇರುವುದು ಆಡಳಿತ ತೆಗೆಸಿದ ಪ್ರಚಾರದ ಚಿತ್ರಗಳು ಮಾತ್ರ. ಅವುಗಳಲ್ಲಿ ಸಾಲುಸಾಲು ಜನ ಬುಟ್ಟಿ ಹೊತ್ತು ಕಾಲುವೆ ತೋಡುತ್ತಾರೆ, ನಾಯಕರು ನಗುತ್ತ ಚಪ್ಪಾಳೆ ತಟ್ಟುತ್ತಾರೆ. ಇವುಗಳ ಎದುರು ಇಡಲು ಪಾನ್ ಬಳಿ ಇದ್ದದ್ದು ಮಣ್ಣು. ಸರಿತ್ ಮಾಂಗ್ ಎಂಬ ಶಿಲ್ಪಿ ಜೇಡಿಮಣ್ಣಿನಲ್ಲಿ ಸಣ್ಣ ಬೊಂಬೆಗಳನ್ನು ಕಡೆದು ಬಣ್ಣ ಹಚ್ಚಿದರು: ತಂದೆಗೆ ಬಿಳಿಯ ಸೂಟು, ಬಾಲಕನಿಗೆ ಚುಕ್ಕೆಗಳ ಬಣ್ಣದ ಅಂಗಿ, ಸುತ್ತ ಕಪ್ಪು ಬಟ್ಟೆಯ ಜನ.

ಆ ಬೊಂಬೆಗಳು ಅಲುಗಾಡುವುದಿಲ್ಲ. ಅನಿಮೇಷನ್ ಮಾಡಿ ಅವುಗಳನ್ನು ನಡೆಸಬಹುದಿತ್ತು, ಮಾಡಲಿಲ್ಲ. ಕ್ಯಾಮೆರಾ ಅವುಗಳ ನಡುವೆ ಸಾಗುತ್ತದೆ, ಅವು ಇದ್ದಲ್ಲೇ ಇರುತ್ತವೆ. ನೆನಪು ಹೀಗೆಯೇ ಇರುತ್ತದೆ ಎಂದು ನನಗೆ ಅನ್ನಿಸುತ್ತದೆ: ದೃಶ್ಯ ಅಚ್ಚೊತ್ತಿದಂತೆ ನಿಂತಿರುತ್ತದೆ, ನಾವು ಅದರ ಸುತ್ತ ಸುತ್ತುತ್ತೇವೆ. ಈ ಬೊಂಬೆಗಳು ತಾವು ದಾಖಲೆ ಎಂದು ನಟಿಸುವುದಿಲ್ಲ ಎಂಬುದೂ ಮುಖ್ಯ. ನಟರನ್ನಿಟ್ಟು ಮರುಸೃಷ್ಟಿ ಮಾಡಿದ್ದರೆ ನೋಡುಗ ಅದನ್ನು ನಡೆದ ಸಂಗತಿಯ ಪ್ರತಿಯೆಂದು ಒಪ್ಪಿಕೊಳ್ಳುತ್ತಿದ್ದ. ಮಣ್ಣಿನ ಬೊಂಬೆ ತಾನು ಬೊಂಬೆಯೆಂದು ಹೇಳುತ್ತಲೇ ಇರುವುದರಿಂದ, ಇಲ್ಲದಿರುವ ಚಿತ್ರದ ಜಾಗ ಖಾಲಿಯಾಗಿಯೇ ಉಳಿಯುತ್ತದೆ. ಕೊಲೆಯ ದೃಶ್ಯವೊಂದರ ನಿಜವಾದ ಛಾಯಾಚಿತ್ರವನ್ನು ತಾವು ವರ್ಷಗಟ್ಟಲೆ ಹುಡುಕಿದ್ದಾಗಿಯೂ, ಸಿಕ್ಕಿದ್ದರೂ ಅದನ್ನು ತೋರಿಸುತ್ತಿರಲಿಲ್ಲವೆಂದೂ ಪಾನ್ ಹೇಳಿಕೊಂಡಿದ್ದಾರೆ.

ಅವರ ತಂದೆಯ ಸಾವಿನ ಪ್ರಸಂಗವನ್ನು ಇಲ್ಲಿ ಬಿಡಿಸಿ ನೋಡಬೇಕು. ದನಗಳಿಗೆ ಹಾಕುವಂಥದನ್ನು ತಾನು ತಿನ್ನಲಾರೆ, ತಾನೊಬ್ಬ ಮನುಷ್ಯ ಎಂದು ಅವರು ಊಟ ಬಿಟ್ಟರು, ಸತ್ತರು. ಆ ಕಾಲದಲ್ಲಿ ಅಂತ್ಯಕ್ರಿಯೆಗೆ ಎಡೆಯಿರಲಿಲ್ಲ. ಭಿಕ್ಕುಗಳಿಲ್ಲ, ಮಂತ್ರವಿಲ್ಲ, ಬಿಳಿ ಬಟ್ಟೆಯಿಲ್ಲ. ಆ ರಾತ್ರಿ ತಾಯಿ ಮಗನ ಬಳಿ ಕುಳಿತು, ಅವನ ತಂದೆಗೆ ಸಲ್ಲಬೇಕಿದ್ದ ಸಂಸ್ಕಾರ ಹೇಗೆ ನಡೆಯುತ್ತಿತ್ತು ಎಂಬುದನ್ನು ಮಾತಿನಲ್ಲೇ ನಡೆಸಿಕೊಟ್ಟಳು. ನಿಷೇಧಕ್ಕೊಳಗಾದ ಆಚರಣೆಯೊಂದು ಹೀಗೆ ಬರೀ ವಿವರಣೆಯಾಗಿ ಒಂದು ಕಿವಿಯನ್ನು ತಲುಪಿತು, ದಶಕಗಳ ನಂತರ ಪುಸ್ತಕಕ್ಕೂ ಚಿತ್ರಕ್ಕೂ ಬಂತು. ಸಾಂಸ್ಕೃತಿಕ ಪರಂಪರೆ ಎಂದು ನಾವು ದೊಡ್ಡ ದನಿಯಲ್ಲಿ ಹೇಳುವ ಸಂಗತಿ ಅತ್ಯಂತ ಇಕ್ಕಟ್ಟಿನಲ್ಲಿ ಸಾಗಿಬಂದ ದಾರಿ ಇದು. 2018ರಲ್ಲಿ ಪಾನ್ ತಮ್ಮವರ ಸಮಾಧಿಗಳನ್ನು ಹುಡುಕುತ್ತ ಮಾಡಿದ ಚಿತ್ರದಲ್ಲಿ ತಲೆಬೋಳಿಸಿಕೊಂಡು, ಭಿಕ್ಕುಗಳಿಂದಲೂ ಹಳ್ಳಿಯ ಹಿರಿಯರಿಂದಲೂ ಆ ಬಾಕಿಯುಳಿದ ವಿಧಿಗಳನ್ನು ಮಾಡಿಸುತ್ತಾರೆ.

ಇಷ್ಟಾದರೂ, ಖಾಸಗಿ ನೆನಪನ್ನು ಇತಿಹಾಸವೆಂದು ಒಪ್ಪುವುದರಲ್ಲಿ ಅಪಾಯವಿಲ್ಲವೇ ಎಂಬ ಆಕ್ಷೇಪ ನ್ಯಾಯವಾದದ್ದು. ಮಗು ಕಂಡದ್ದು ಅರೆಬರೆ, ದೊಡ್ಡವನು ನೆನೆಯುವುದು ಇನ್ನೂ ಅರೆಬರೆ. ಪಾನ್ ಇದಕ್ಕೆ ಕೊಡುವ ಉತ್ತರ ಅವರ ಆತ್ಮಕಥನದ ರಚನೆಯಲ್ಲೇ ಇದೆ. ಬಾಲ್ಯದ ಅಧ್ಯಾಯಗಳ ನಡುನಡುವೆ, ವಿಚಾರಣೆ ಎದುರಿಸುತ್ತಿದ್ದ ಡೂಯ್ಕ್ ಜತೆ ಅವರು ನಡೆಸಿದ ನೂರಾರು ಗಂಟೆಗಳ ಸಂದರ್ಶನ ಬರುತ್ತದೆ. ಡೂಯ್ಕ್ ನಗುತ್ತಾನೆ, ಫ್ರೆಂಚ್ ಕವಿತೆ ಹೇಳುತ್ತಾನೆ, ಪಶ್ಚಾತ್ತಾಪದ ಮಾತಾಡುತ್ತಾನೆ, ಮರುಕ್ಷಣ ಜಾರಿಕೊಳ್ಳುತ್ತಾನೆ. ಪಾನ್ ಅವನ ಮೇಜಿನ ಮೇಲೆ ಅವನದೇ ಟಿಪ್ಪಣಿಯಿರುವ ಕಡತವನ್ನೋ ಸತ್ತವರ ಚಿತ್ರವನ್ನೋ ಇಟ್ಟು ಓದಿಸುತ್ತಾರೆ. ಸಂತ್ರಸ್ತನ ನೆನಪು ಕಡತದ ಸುಳ್ಳನ್ನು ಬಯಲು ಮಾಡಿದರೆ, ಕಡತ ಹಂತಕನ ‘ಮರೆವನ್ನು’ ಬಯಲು ಮಾಡುತ್ತದೆ. ಒಂದನ್ನು ಬಿಟ್ಟು ಇನ್ನೊಂದು ನಿಲ್ಲಲಾರದು. ವಿಶೇಷ ನ್ಯಾಯಾಲಯ ಡೂಯ್ಕ್‌ಗೆ 2010ರಲ್ಲಿ 35 ವರ್ಷಗಳ ಶಿಕ್ಷೆ ವಿಧಿಸಿತು, 2012ರ ಮೇಲ್ಮನವಿಯಲ್ಲಿ ಅದು ಜೀವಾವಧಿಯಾಯಿತು. 2020ರಲ್ಲಿ ಆತ ಸತ್ತ.

ಇನ್ನೊಂದು ಆಕ್ಷೇಪ ನನ್ನ ಮಟ್ಟಿಗೆ ಹೆಚ್ಚು ತೂಕದ್ದು. ಪಾನ್ ಅವರ ಆತ್ಮಕಥನವೂ ಬೊಂಬೆಗಳ ಚಿತ್ರದ ನಿರೂಪಣೆಯೂ ಮೊದಲು ರೂಪುಗೊಂಡದ್ದು ಫ್ರೆಂಚ್‌ನಲ್ಲಿ. ಅದು ನಗರದ, ಓದಿದ ಮನೆತನವೊಂದರ ನೆನಪು. ಖ್ಮೇರ್ ರೂಜ್ ಯಾರ ಹೆಸರಿನಲ್ಲಿ ಆಳಿತೋ ಆ ಬಡ ರೈತರೂ ಹಸಿದು ಸತ್ತರು. ಅವರ ಮಕ್ಕಳೇ ಸೈನಿಕರೂ ಕಾವಲುಗಾರರೂ ಆದರು. ಅಲ್ಪಸಂಖ್ಯಾತರಾದ ಚಾಮ್ ಮುಸ್ಲಿಮರ ಮತ್ತು ವಿಯೆಟ್ನಾಂ ಮೂಲದವರ ಮೇಲೆ ನಡೆದದ್ದನ್ನು ವಿಶೇಷ ನ್ಯಾಯಾಲಯದ 2018ರ ತೀರ್ಪು ನರಮೇಧವೆಂದು ನಿರ್ದಿಷ್ಟವಾಗಿ ಹೆಸರಿಸಿತು, ಆದರೆ ಅವರ ಮನೆಮಾತಿನ ನೆನಪುಗಳು ಜಗತ್ತಿಗೆ ತಲುಪಿರುವುದು ಕಡಿಮೆ. ಪಾನ್ ಅವರ ಇತರ ಚಿತ್ರಗಳಲ್ಲಿ ಹಳ್ಳಿಗರ ದನಿ ಧಾರಾಳವಾಗಿದೆ, ಖ್ಮೇರ್ ಭಾಷೆಯಲ್ಲೇ ಇದೆ ಎಂಬುದು ನಿಜ. ಆದರೂ ಒಬ್ಬ ಲೇಖಕನ ನೆನಪು, ಅದು ಎಷ್ಟೇ ಪ್ರಾಮಾಣಿಕವಾಗಿದ್ದರೂ, ಎಲ್ಲರ ಪರವಾಗಿ ಮಾತಾಡಲಾರದು.

ಇದಕ್ಕೆ ಪಾನ್ ಕಂಡುಕೊಂಡ ಪರಿಹಾರ ಇನ್ನೊಂದು ಪುಸ್ತಕವಲ್ಲ, ಒಂದು ಸಂಸ್ಥೆ. 2006ರಲ್ಲಿ, ಹಿರಿಯ ಚಿತ್ರಕರ್ಮಿ ಇಯು ಪನ್ನಕಾರ್ ಅವರೊಂದಿಗೆ, ನೋಮ್ ಪೆನ್‌ನಲ್ಲಿ ಒಂದು ದೃಶ್ಯ-ಶ್ರವ್ಯ ಸಂಗ್ರಹಾಲಯವನ್ನು ತೆರೆದು ಅದಕ್ಕೆ ಬೋಫಾನಾಳ ಹೆಸರಿಟ್ಟರು. ಅದರ ಹಿನ್ನೆಲೆಯಲ್ಲಿ ಇನ್ನೊಂದು ನಷ್ಟದ ಕಥೆಯಿದೆ. 1960ರಿಂದ 1975ರವರೆಗಿನ ಕಾಲ ಕಾಂಬೋಡಿಯಾದ ಸಿನಿಮಾದ ಸುಗ್ಗಿ. ಆಗ ತಯಾರಾದ ನೂರಾರು ಚಿತ್ರಗಳಲ್ಲಿ ಇಂದು ಉಳಿದಿರುವುದು ಕೆಲವೇ ಡಜನ್. ನಟರು, ನಿರ್ದೇಶಕರು, ಗಾಯಕರು ಸತ್ತರು. ಲಕ್ಷಾಂತರ ಜನರ ಮೆಚ್ಚಿನ ಗಾಯಕ ಸಿನ್ ಸಿಸಮುತ್ ಅವರ ಹಾಡುಗಳು ವಿದೇಶ ಸೇರಿದ ಗ್ರಾಮಫೋನ್ ತಟ್ಟೆಗಳಲ್ಲಿ, ಕ್ಯಾಸೆಟ್‌ಗಳಲ್ಲಿ ಉಳಿದುಕೊಂಡವು, ಅವರ ಅಂತ್ಯ ಹೇಗಾಯಿತೆಂಬುದು ಖಚಿತವಾಗಲಿಲ್ಲ. ಬೋಫಾನಾ ಕೇಂದ್ರವು ಫ್ರಾನ್ಸ್ ಮೊದಲಾದ ಕಡೆಯ ಸಂಗ್ರಹಗಳಲ್ಲಿ ಚದುರಿದ್ದ ಕಾಂಬೋಡಿಯಾದ ಚಲನಚಿತ್ರ, ಸುದ್ದಿಚಿತ್ರ, ಧ್ವನಿಮುದ್ರಣಗಳ ಪ್ರತಿಗಳನ್ನು ತರಿಸಿ, ಡಿಜಿಟಲ್ ಮಾಡಿ, ಯಾರು ಬೇಕಾದರೂ ಬಂದು ಹಣ ಕೊಡದೆ ನೋಡುವಂತೆ ಮಾಡಿತು. ವಸ್ತುಗಳನ್ನು ಹುಡುಕುವ ಗಣಕವ್ಯವಸ್ಥೆಗೆ ಅವರು ಕೊಟ್ಟ ಹೆಸರು ಹನುಮಾನ್.

ಆ ಸಂಗ್ರಹದಲ್ಲಿ ಯುದ್ಧಕ್ಕಿಂತ ಹಿಂದಿನ ಹಬ್ಬ, ದೋಣಿಸ್ಪರ್ಧೆ, ಬೀದಿ, ಮದುವೆಗಳ ತುಣುಕುಗಳೂ ಇವೆ. ಹೊರಗಿನವರ ಕಣ್ಣಿಗೆ ಕಾಂಬೋಡಿಯಾ ಎಂದರೆ ಒಂದೋ ಆಂಗ್ಕೋರ್, ಇಲ್ಲವೇ ತಲೆಬುರುಡೆ. ಇವೆರಡರ ನಡುವೆ ಜನ ನಕ್ಕ, ಹಾಡಿದ, ಸಿನಿಮಾ ನೋಡಿದ ಒಂದು ಇಪ್ಪತ್ತನೇ ಶತಮಾನ ಇತ್ತೆಂಬುದನ್ನು ಆ ದೇಶದ ಯುವಕರಿಗೇ ನೆನಪಿಸಬೇಕಾಗಿ ಬಂದಿದೆ. ಕೇಂದ್ರವು ಯುವಜನರಿಗೆ ಚಿತ್ರೀಕರಣ, ಸಂಕಲನ, ದಾಖಲೆ ರಕ್ಷಣೆಯ ತರಬೇತಿಯನ್ನೂ ಕೊಡುತ್ತ ಬಂದಿದೆ, ಖ್ಮೇರ್ ರೂಜ್ ಇತಿಹಾಸ ಕಲಿಸುವ ಮೊಬೈಲ್ ಆ್ಯಪ್ ಒಂದನ್ನೂ ರೂಪಿಸಿದೆ. ಇದರ ಪಕ್ಕದಲ್ಲೇ, 1995ರಲ್ಲಿ ಶುರುವಾದ ಕಾಂಬೋಡಿಯಾ ದಾಖಲೆ ಕೇಂದ್ರವು ದೇಶದಾದ್ಯಂತ ಸುಮಾರು 20 ಸಾವಿರ ಹೂಳುಗುಂಡಿಗಳನ್ನು ಗುರುತಿಸಿತು ಮತ್ತು 2007ರಲ್ಲಿ ಈ ಕಾಲದ ಬಗೆಗಿನ ಮೊದಲ ಶಾಲಾ ಪಠ್ಯವನ್ನು ಹೊರತಂದಿತು. ಅದಕ್ಕೂ ಮುಂಚೆ ಶಾಲೆಗಳಲ್ಲಿ ಈ ವಿಷಯ ಬಹುಮಟ್ಟಿಗೆ ಮೌನವಾಗಿಯೇ ಇತ್ತು.

ತೆರೆದ ಸಂಗ್ರಹಗಳಿಗೆ ಅವುಗಳದೇ ಆದ ಅಪಾಯವಿದೆ ಎಂಬುದನ್ನು 2021ರ ಏಪ್ರಿಲ್‌ನ ಪ್ರಕರಣ ತೋರಿಸಿತು. ಎಸ್-21ರ ಕೈದಿಗಳ ಚಿತ್ರಗಳಿಗೆ ಡಿಜಿಟಲ್ ವಿಧಾನದಲ್ಲಿ ಬಣ್ಣ ತುಂಬಿದ ವಿದೇಶಿ ಕಲಾವಿದನೊಬ್ಬ, ಕೆಲವು ಮುಖಗಳ ಮೇಲೆ ನಗುವನ್ನೂ ಮೂಡಿಸಿದ್ದ; ಅಂತರರಾಷ್ಟ್ರೀಯ ಮಾಧ್ಯಮ ಸಂಸ್ಥೆಯೊಂದು ಅವುಗಳನ್ನು ಪ್ರಕಟಿಸಿತು. ಸತ್ತವರ ಬಂಧುಗಳೂ ಕಾಂಬೋಡಿಯಾದ ಸಂಸ್ಕೃತಿ ಸಚಿವಾಲಯವೂ ಪ್ರತಿಭಟಿಸಿದ ಮೇಲೆ ಅವನ್ನು ತೆಗೆದುಹಾಕಲಾಯಿತು. ಇದನ್ನು ಅಭಿರುಚಿಯ ದೋಷವೆಂದು ತಳ್ಳಿಹಾಕಲಾಗದು. ಕೊಲ್ಲುವ ಮುನ್ನ ತೆಗೆದ ಚಿತ್ರದಲ್ಲಿ ಆ ವ್ಯಕ್ತಿ ಉಳಿಸಿಹೋದ ಕೊನೆಯ ಸಂಗತಿ ಅವರ ಮುಖಭಾವ. ಅದನ್ನು ತಿದ್ದುವುದೆಂದರೆ ಅವರ ಕೊನೆಯ ಸಾಕ್ಷ್ಯವನ್ನು ಅಳಿಸುವುದು. ಈಗ ಇಂಥ ತಿದ್ದುವಿಕೆ ಯಾರ ಕೈಯಲ್ಲಾದರೂ ಕ್ಷಣಾರ್ಧದಲ್ಲಿ ಆಗುವಂಥದ್ದು. ತಮ್ಮ ಬೊಂಬೆ ಬೊಂಬೆಯಾಗಿಯೇ ಕಾಣಬೇಕೆಂದು ಪಾನ್ ಹಿಡಿದ ಹಟದ ಬೆಲೆ ಇಂದು ಇನ್ನೂ ಚೆನ್ನಾಗಿ ಅರ್ಥವಾಗುತ್ತದೆ.

ಮತ್ತೆ 2025ರ ಕಾನೂನಿಗೆ ಬರೋಣ. ನಡೆದ ಕೊಲೆಗಳನ್ನು ನಡೆದೇ ಇಲ್ಲವೆನ್ನುವವರನ್ನು ತಡೆಯಬೇಕೆಂಬ ಆಶಯಕ್ಕೆ ಸಂತ್ರಸ್ತರ ಮನೆಗಳಲ್ಲಿ ನಿಜವಾದ ಬೆಂಬಲವಿದೆ. ಆದರೆ ಈ ನೆನಪಿನ ವಿಷಯದಲ್ಲಿ ಅಲ್ಲಿನ ಸರ್ಕಾರ ದೂರ ನಿಂತ ಪ್ರೇಕ್ಷಕನಲ್ಲ. ಮೂರು ದಶಕಗಳಿಗೂ ಹೆಚ್ಚು ಕಾಲ ಪ್ರಧಾನಿಯಾಗಿದ್ದು ಈಗ ಸೆನೆಟ್‌ನ ಅಧ್ಯಕ್ಷರಾಗಿರುವ ಹುನ್ ಸೆನ್ ಸ್ವತಃ ಖ್ಮೇರ್ ರೂಜ್ ಸೇನೆಯಲ್ಲಿದ್ದು 1977ರಲ್ಲಿ ವಿಯೆಟ್ನಾಂಗೆ ಪಲಾಯನ ಮಾಡಿದವರು. ಆ ಆಡಳಿತದಿಂದ ದೇಶವನ್ನು ಬಿಡಿಸಿದ್ದು ತಾವೆಂಬ ಹೇಳಿಕೆಯ ಮೇಲೆಯೇ ಆಳುವ ಪಕ್ಷದ ಅಧಿಕಾರ ನಿಂತಿದೆ. ವಿಶೇಷ ನ್ಯಾಯಾಲಯ 2022ರಲ್ಲಿ ಕೊನೆಯ ತೀರ್ಪು ನೀಡುವ ಹೊತ್ತಿಗೆ ಶಿಕ್ಷೆ ಕಂಡವರು ಕೇವಲ ಮೂವರು, ಇನ್ನಷ್ಟು ಮಂದಿಯ ವಿಚಾರಣೆಗೆ ಸರ್ಕಾರವೇ ಬಹಿರಂಗವಾಗಿ ವಿರೋಧವಾಗಿತ್ತು. ಇಂಥಲ್ಲಿ ‘ಅಲ್ಲಗಳೆಯುವಿಕೆ’ ಎಂದರೇನೆಂದು ನಿರ್ಧರಿಸುವ ಅಧಿಕಾರ ಆಳುವವರ ಕೈಯಲ್ಲಿದ್ದರೆ, ಒಪ್ಪಿತ ಕಥೆಗೆ ಹೊಂದದ ಖಾಸಗಿ ನೆನಪು ಬಾಯಿಬಿಡಲು ಹೆದರಬಹುದು ಎಂದು ಮಾನವ ಹಕ್ಕುಗಳ ಪರ ಇರುವವರು ಆತಂಕ ಪಟ್ಟಿದ್ದಾರೆ. ಆ ಆತಂಕ ನನ್ನದೂ ಹೌದು. ಕಾವಲುಗಾರನಾಗಿದ್ದವನು, ಊರಿನ ಸಣ್ಣ ಮುಖ್ಯಸ್ಥನಾಗಿದ್ದವನು, ಹಸಿವಿನಿಂದ ಪಕ್ಕದವರನ್ನು ಹಿಡಿದುಕೊಟ್ಟವಳು, ಇವರೆಲ್ಲ ಮಾತಾಡದೆ ಆ ಕಾಲ ಅರ್ಥವಾಗುವುದಿಲ್ಲ. ಕಾನೂನಿನ ಭಯವಿರುವಲ್ಲಿ ಇವರೇ ಮೊದಲು ಮೌನವಾಗುತ್ತಾರೆ.

ಸರ್ಕಾರ ಕಟ್ಟುವ ನೆನಪಿಗೂ ವ್ಯಕ್ತಿಯ ನೆನಪಿಗೂ ಇರುವ ಅಂತರಕ್ಕೆ ತುವೋಲ್ ಸ್ಲೆಂಗ್‌ನಲ್ಲೇ ಒಂದು ಹಳೆಯ ನಿದರ್ಶನವಿತ್ತು. 1979ರ ನಂತರದ ಆಡಳಿತ ಅಲ್ಲಿ ವಸ್ತುಸಂಗ್ರಹಾಲಯ ತೆರೆದಾಗ, ಸತ್ತವರ ತಲೆಬುರುಡೆಗಳನ್ನು ಜೋಡಿಸಿ ಗೋಡೆಯ ಮೇಲೆ ದೇಶದ ನಕ್ಷೆಯೊಂದನ್ನು ಮಾಡಿಸಿತ್ತು. ಆ ಬುರುಡೆಗಳಿಗೆ ಹೆಸರಿರಲಿಲ್ಲ, ಅವುಗಳಿಗೆ ಬೌದ್ಧ ವಿಧಿಯ ಸಂಸ್ಕಾರವೂ ಆಗಿರಲಿಲ್ಲ. 2002ರಲ್ಲಿ ಅದನ್ನು ತೆಗೆಯಲಾಯಿತು. ಈಗ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದ ಮೇಲೆ ಪ್ರವಾಸಿಗರು ಇನ್ನೂ ಹೆಚ್ಚುತ್ತಾರೆ, ಕಟ್ಟಡಕ್ಕೆ ಹಣ ಬರುತ್ತದೆ, ಸುಣ್ಣಬಣ್ಣವೂ ಆದೀತು. ಅದೇ ಹಣದಲ್ಲಿ ಒಂದು ಪಾಲು, ಚಿತ್ರಗಳಲ್ಲಿ ಇನ್ನೂ ಹೆಸರು ತಿಳಿಯದ ಮುಖಗಳನ್ನು ಬಂಧುಗಳ ನೆರವಿನಿಂದ ಗುರುತಿಸುವುದಕ್ಕೂ, ಹಳ್ಳಿಗಳಲ್ಲಿ ಉಳಿದಿರುವ ಎಪ್ಪತ್ತು ಎಂಬತ್ತರ ಹಿರಿಯರ ಮಾತನ್ನು ಖ್ಮೇರ್ ಮತ್ತು ಚಾಮ್ ಭಾಷೆಗಳಲ್ಲೇ ಧ್ವನಿಮುದ್ರಿಸುವುದಕ್ಕೂ, ಆ ಧ್ವನಿಗಳು ಸರ್ಕಾರದ ಅನುಮತಿಗೆ ಕಾಯದೆ ಜನರಿಗೆ ದೊರೆಯುವಂತೆ ಬೋಫಾನಾ ಕೇಂದ್ರದಂಥ ಸ್ವತಂತ್ರ ಸಂಗ್ರಹಗಳನ್ನು ನಡೆಸುವುದಕ್ಕೂ ಹೋಗಬೇಕು. ಕಟ್ಟಡಗಳು ಇನ್ನೂ ಐವತ್ತು ವರ್ಷ ನಿಲ್ಲುತ್ತವೆ, ಆ ಹಿರಿಯರಿಗೆ ಅಷ್ಟು ಸಮಯವಿಲ್ಲ.